ದೂರ ನಿಂತು ನೋಡಬೇಕಾದ ಬೀದಿ

ಬೀದಿದೀಪ ಇನ್ನೂ ಆರಿಲ್ಲ. ಬಸ್ ನಿಲ್ದಾಣದ ಎದುರಿನ ಮೂಲೆಯಲ್ಲಿ, ಮಗುಚಿಟ್ಟ ಬಣ್ಣದ ಡಬ್ಬಿಯ ಮೇಲೆ ಕೂತು ಪೇಂಟರಕ್ಕ ಚಕಚಕನೆ ಕುಂಚ ಆಡಿಸುತ್ತಿದ್ದಾರೆ. ಒದ್ದೆ ರಸ್ತೆಗೆ ಕಪ್ಪು ಬಳಿದಿಲ್ಲ; ನೇರಳೆ, ನೀಲಿ, ನಡುವೆ ಒಂದು ಗೀರು ಕಿತ್ತಳೆ. ಬಸ್ಸಿಗೆ ಓಡುವ ಮನುಷ್ಯನೆಂದರೆ ಎರಡು ಮೆತ್ತು ಬಣ್ಣ, ಅಷ್ಟೇ.

"ಬೆಳಕು ನನಗೋಸ್ಕರ ಕಾಯುತ್ತಾ? ಕಣ್ಣು, ಮೂಗು ಬರೀತಾ ಕೂತ್ರೆ ಬೆಳಗೇ ಹೋಗ್ಬಿಡುತ್ತೆ" ಎನ್ನುತ್ತಾರೆ.

ಬಿಸಿಲೇರಿದರೆ ಏಣಿ ಹತ್ತಬೇಕು. ಮನೆಗಳ ಗೋಡೆಗೆ ಬಣ್ಣ ಬಳಿಯುವುದು ಅವರ ಹೊಟ್ಟೆಪಾಡು, ಅಪ್ಪನಿಂದ ಬಂದದ್ದು. ಚಿತ್ರ ಬರೆಯುವುದು ಮಾತ್ರ, ಗೆರೆಗಿಂತ ಬೆಳಕನ್ನೇ ಹಿಡಿಯುವ ಒಂದು ಇಂಪ್ರೆಷನಿಸ್ಟ್ ಚಿತ್ರವನ್ನು ಹಳೇ ಕ್ಯಾಲೆಂಡರಿನಲ್ಲಿ ಕಂಡಾಗ ಹಿಡಿದ ಹುಚ್ಚು. ಡಬ್ಬಿಯ ತಳದಲ್ಲಿ ಉಳಿದ ಬಣ್ಣ, ಬಡಗಿ ಬೇಡವೆಂದ ಪ್ಲೈವುಡ್ಡು, ಇಷ್ಟಿದ್ದರೆ ಸಾಕು. ಗ್ಯಾಲರಿಯವರು ಮಾತ್ರ ಚಿತ್ರ ನೋಡುವ ಮೊದಲೇ "ಎಲ್ಲಿ ಕಲಿತಿರಿ?" ಎಂದು ಕೇಳಿ ಸಾಗಹಾಕಿದರು. ಬೆಳಕು ನೋಡುವುದಕ್ಕೂ ಸರ್ಟಿಫಿಕೇಟ್ ಬೇಕೇನ್ರೀ? ಕೇಳಿದವರಿಗೆ ಮೈ ಉರಿಯದೆ ಇರುತ್ತದೆಯೇ? ಅಕ್ಕ ಮಾತ್ರ ನಗುತ್ತಾರೆ.

ಕೊನೆಗೆ ಬಸ್ ನಿಲ್ದಾಣದ ಮೇಲ್ವಿಚಾರಕರು ಒಂದು ದೊಡ್ಡ ಚಿತ್ರ ತೂಗುಹಾಕಲು ಒಪ್ಪಿದ್ದಾರೆ. ಜನ ಮೆಚ್ಚದಿದ್ದರೆ ಅದನ್ನು ಇಳಿಸಿ ಜಾಹೀರಾತು ಹಾಕುತ್ತಾರಂತೆ. ಟಿಕೆಟ್ ಕೌಂಟರಿನ ಇಕ್ಕಟ್ಟು ಓಣಿಯಲ್ಲಿ ಅಕ್ಕನೇ ಮೊಳೆ ಹೊಡೆದರು. ಅಷ್ಟು ಹತ್ತಿರದಿಂದ ನೋಡಿದವರಿಗೆ ಕಂಡದ್ದು ಬರೀ ಬಣ್ಣದ ಗಂಟು.

ನಿಲ್ದಾಣದ ಬಾಗಿಲಲ್ಲಿ ಸೊಪ್ಪು ಮಾರುವ ಅಜ್ಜಿ ಸೊಂಟದ ಮೇಲೆ ಕೈಯಿಟ್ಟು, "ಏನೇ ಇದು, ಬ್ರಷ್ ಒರೆಸಿದ ಹಲಗೆ ತಂದು ನೇತುಹಾಕಿದೀಯಾ? ನನ್ನನ್ನೂ ಬರ್ದಿದೀನಿ ಅಂದ್ಯಲ್ಲ, ಎಲ್ಲಿದೀನಿ?" ಎಂದು ರೇಗಿಸುತ್ತಾರೆ. ಜನ ಗೊಳ್ಳೆನ್ನುತ್ತಾರೆ. ಮೇಲ್ವಿಚಾರಕರು ಮೊಳೆ ಕೀಳಲು ಸುತ್ತಿಗೆ ಹಿಡಿದು ಬರುತ್ತಾರೆ.

"ತಡೀರಿ ಸರ್, ತಪ್ಪು ನಂದೇ. ಇಕ್ಕಟ್ಟಲ್ಲಿ ಹಾಕ್ಬಾರ್ದಿತ್ತು." ಅಕ್ಕ ಚಿತ್ರ ಇಳಿಸಿ, ಉದ್ದನೆಯ ಹಜಾರದ ಕೊನೆಯ ಗೋಡೆಗೆ ಒರಗಿಸುತ್ತಾರೆ. "ಅಜ್ಜಿ, ಬಾಗಿಲ ಹತ್ರ ಹೋಗಿ ನಿಂತ್ಕೊಳ್ಳಿ. ಈಗ ನೋಡಿ."

ಗೊಣಗುತ್ತಲೇ ಹೋದ ಅಜ್ಜಿ ತಿರುಗುತ್ತಾರೆ.

"ಅಯ್ಯೋ, ನಮ್ಮ ರಸ್ತೆ! ಬಸ್ಸು ಬರ್ತಾ ಇದೆ ಕಣೇ! ಆ ಹಸಿರು ರಾಶಿ ಪಕ್ಕ ಬಗ್ಗಿರೋದು ನಾನೇ ಅಲ್ವಾ? ಬೆಳಗ್ಗೆ ಚಳೀಲಿ ನಾನು ಹೀಗೇ ಮುದುರ್ಕೋತೀನಿ!"

ನೋಡುವವರೆಲ್ಲ ಬಾಗಿಲ ಕಡೆ ಓಡುತ್ತಾರೆ. ಮೇಲ್ವಿಚಾರಕರೂ ಹಿಂದೆ ಹಿಂದೆ ಸರಿದು ನೋಡಿ, ಅದೇ ಸುತ್ತಿಗೆಯಿಂದ ಆ ಗೋಡೆಗೇ ಮೊಳೆ ಹೊಡೆಯುತ್ತಾರೆ. "ಇನ್ನೇನಮ್ಮ, ಖುಷೀನಾ?"

"ಖುಷಿ ಸರ್" ಎನ್ನುತ್ತಾರೆ ಅಕ್ಕ, ಏಣಿಯನ್ನು ಹೆಗಲಿಗೇರಿಸಿಕೊಳ್ಳುತ್ತಾ. "ಒಂದೇ ಆಸೆ. ಇದರ ಮುಂದೆ ಬೆಂಚು ಮಾತ್ರ ಹಾಕಿಸ್ಬೇಡಿ. ಜನ ಹಿಂದಕ್ಕೆ ಹೋಗೋಕೆ ಜಾಗ ಇರ್ಲಿ."