ಎರಡೂವರೆ ಸಾವಿರದ ರಾಜಣ್ಣ

ರಾಜಣ್ಣನ ಕೈಗೆ ಸದಾ ಕೊತ್ತಂಬರಿ ಸೊಪ್ಪಿನ ವಾಸನೆ. ಆಟಕ್ಕೆ ಮುನ್ನ ಅವರ ಕೈಕುಲುಕಿದ ವಿದೇಶಿ ಆಟಗಾರನೊಬ್ಬ ತನ್ನ ಅಂಗೈ ಮೂಸಿ ನೋಡಿಕೊಂಡು ಗಲಿಬಿಲಿಗೊಂಡದ್ದನ್ನು ನಾನೇ ಕಣ್ಣಾರೆ ಕಂಡಿದ್ದೇನೆ. ಬೆಂಗಳೂರಿನಲ್ಲಿ ಚೆಸ್ ಟೂರ್ನಿ ಇದ್ದ ದಿನ ರಾಜಣ್ಣ ಬೆಳಗ್ಗೆ ಮಲ್ಲೇಶ್ವರಂ ಮಾರುಕಟ್ಟೆಯ ತಮ್ಮ ತಾಯಿಯ ತರಕಾರಿ ಅಂಗಡಿಗೆ ಸೊಪ್ಪು ಇಳಿಸಿ, ಕಂತೆ ಕಟ್ಟಿಕೊಟ್ಟು, ಅಲ್ಲಿಂದ ನೇರವಾಗಿ ಬೋರ್ಡಿನ ಮುಂದೆ ಬಂದು ಕೂರುತ್ತಿದ್ದರು. ಎಷ್ಟು ಸೋಪು ಹಾಕಿ ತೊಳೆದರೂ ಆ ವಾಸನೆ ಹೋಗುತ್ತಿರಲಿಲ್ಲ. "ಇರ್ಲಿ ಬಿಡು, ಎದುರಿಗಿರೋನ್ಗೆ ಹೊಟ್ಟೆ ಹಸಿಯುತ್ತೆ, ಬೇಗ ತಪ್ಪು ಮಾಡ್ತಾನೆ" ಎಂದು ನಗುತ್ತಿದ್ದರು.

ನನಗೆ ಆಟ ಕಲಿಸಿದವರು ಅವರು. ನಾನು ಹೈಸ್ಕೂಲಿನಲ್ಲಿದ್ದಾಗ ಪ್ರತಿ ಭಾನುವಾರ ಹನುಮಂತನಗರದ ನಮ್ಮ ಬೀದಿಗೆ ಪಾಠಕ್ಕೆ ಬರುತ್ತಿದ್ದರು. ಇಂಗ್ಲಿಷ್ ಪುಸ್ತಕಗಳಲ್ಲಿ ಪುಟಗಟ್ಟಲೆ ಬರೆದಿದ್ದನ್ನು ಅವರು ಮಾರುಕಟ್ಟೆಯ ಮಾತಿನಲ್ಲಿ ಮುಗಿಸುತ್ತಿದ್ದರು. ಮೂಲೆಯಲ್ಲಿ ಸಿಕ್ಕಿಕೊಂಡ ಕುದುರೆ ಅವರ ಬಾಯಲ್ಲಿ ಬುಟ್ಟಿ ತಳದ ಟೊಮೇಟೊ: "ಮೇಲಕ್ಕೆ ತಗೊಂಡ್ಬಾ, ಇಲ್ಲಾಂದ್ರೆ ಅಲ್ಲೇ ಕೊಳೆಯುತ್ತೆ." ಅವಸರದಲ್ಲಿ ನಡೆ ಇಟ್ಟರಂತೂ ಮುಗಿಯಿತು: "ಬೆಂಡೇಕಾಯಿ ತಗೊಳೋವಾಗ ತುದಿ ಮುರಿದು ನೋಡ್ತೀಯಲ್ಲ, ನಡೇನ ಯಾಕೆ ಹಂಗೆ ನೋಡಲ್ಲ?"

ಒಮ್ಮೆ ರಾಜ್ಯ ಮಟ್ಟದ ಪಂದ್ಯದಲ್ಲಿ ಗೆಲ್ಲಬೇಕಾದ ಆಟವನ್ನು ಕೈಯಾರೆ ಕೆಡಿಸಿಕೊಂಡೆ. ನಡೆಗಳನ್ನು ಬರೆದಿಟ್ಟುಕೊಂಡಿದ್ದ ಹಾಳೆಯ ಮೇಲೆ ತಲೆಯಿಟ್ಟು ಗೊಳೋ ಎಂದು ಅಳುತ್ತಿದ್ದರೆ ರಾಜಣ್ಣ ಮೆಲ್ಲಗೆ ಹಾಳೆಯನ್ನು ಎಳೆದುಕೊಂಡರು. "ಅಳು ಶೋಭಾ, ಬೇಡ ಅನ್ನಲ್ಲ. ಇದರ ಮೇಲೆ ಮಾತ್ರ ಅಳ್ಬೇಡ, ಅಕ್ಷರ ಅಳಿಸೋಗುತ್ತೆ. ನಾಳೆ ಕೂತ್ಕೊಂಡು ಓದ್ಬೇಕು." ಆಮೇಲೆ ಬಸವನಗುಡಿಗೆ ಕರೆದುಕೊಂಡು ಹೋಗಿ ಎರಡು ಮಸಾಲೆ ದೋಸೆ ತಿನ್ನಿಸಿದರು. ಮೂರನೆಯದಕ್ಕೂ ಹೇಳಿದರು, ಅದನ್ನು ಅವರೇ ತಿಂದರು.

ನಾನು ದೊಡ್ಡ ಆಟಗಾರ್ತಿ ಆಗಲಿಲ್ಲ, ಕಾಲೇಜಿನಲ್ಲಿ ಗಣಿತ ಹೇಳುವವಳಾದೆ. ಆದರೆ ರಾಜಣ್ಣನ ರೇಟಿಂಗ್ ಲೆಕ್ಕ ನನ್ನ ಪಾಲಿಗೆ ಬಂತು. ಗ್ರ್ಯಾಂಡ್‌ಮಾಸ್ಟರ್ ಆಗಲು ಎರಡು ಅರ್ಹತೆ ಬೇಕು. ಮೂರು ದೊಡ್ಡ ಟೂರ್ನಿಗಳಲ್ಲಿ ಗ್ರ್ಯಾಂಡ್‌ಮಾಸ್ಟರ್ ಮಟ್ಟದ ಆಟ ಆಡಿ ತೋರಿಸಬೇಕು. ಜೊತೆಗೆ, ಪ್ರತಿ ಆಟದ ನಂತರ ಏರಿಳಿಯುವ ಅಂಕ, ಅಂದರೆ ರೇಟಿಂಗ್, ಎರಡೂವರೆ ಸಾವಿರವನ್ನು ಮುಟ್ಟಬೇಕು. ಮೊದಲನೆಯದನ್ನು ರಾಜಣ್ಣ ಮೂವತ್ತು ತುಂಬುವಷ್ಟರಲ್ಲಿ ಮುಗಿಸಿದ್ದರು. ಎರಡನೆಯದು ಮಾತ್ರ ಹತ್ತು ವರ್ಷ ಆಟ ಆಡಿಸಿತು. ಹತ್ತಿರ ಹೋಗುವುದು, ಜಾರುವುದು. ಅಷ್ಟರಲ್ಲಿ ಕಾಲವೂ ಬದಲಾಗಿ, ಎದುರು ಕೂರುವವರ ವಯಸ್ಸು ವರ್ಷವರ್ಷಕ್ಕೂ ಇಳಿಯುತ್ತ ಬಂತು. "ನಿನ್ನೆ ನನ್ನ ಸೋಲಿಸಿದ ಹುಡುಗೀಗೆ ಕಾಲು ನೆಲಕ್ಕೆ ಎಟುಕ್ತಿರ್ಲಿಲ್ಲ ಕಣೇ" ಎಂದು ಹೆಮ್ಮೆಯಿಂದಲೇ ಹೇಳಿಕೊಂಡಿದ್ದರು.

ನಲವತ್ತನೆಯ ವಯಸ್ಸಿನಲ್ಲಿ ಹೈದರಾಬಾದಿಗೆ ಆಡಲು ಹೋದರು. ದಿನಾ ಸಂಜೆ ಫೋನ್ ಮಾಡಿ ಫಲಿತಾಂಶ ಹೇಳುವುದು, ನಾನು ಲೆಕ್ಕ ಹಾಕುವುದು. ಒಂಬತ್ತು ಆಟಗಳಲ್ಲಿ ಆರು ಮುಗಿದಾಗ ರೇಟಿಂಗ್ ಎರಡು ಸಾವಿರದ ಐನೂರ ಒಂದು! "ರಾಜಣ್ಣ, ಇನ್ನು ಮೂರು ಆಟ ಇದನ್ನ ಉಳಿಸ್ಕೊಂಡ್ರೆ ಸಾಕು. ಡ್ರಾ ಮಾಡ್ಕೊಂಡು ಬಂದ್ಬಿಡಿ" ಎಂದೆ. ಅವರು ಒಂದನ್ನು ಡ್ರಾ ಮಾಡಿಕೊಂಡು ಎರಡನ್ನು ಸೋತರು. ರೇಟಿಂಗ್ ಮತ್ತೆ ಎರಡೂವರೆ ಸಾವಿರದ ಕೆಳಗೆ ಬಂತು. ಊರಿಗೆ ಬಂದವರೇ "ಸಾಕು ಶೋಭಾ, ಇನ್ನು ಆಡಲ್ಲ" ಎಂದು ಹೇಳಿ ಅಂಗಡಿಯಲ್ಲಿ ಕೂತುಬಿಟ್ಟರು.

ಅವರ ತಾಯಿ ಮುನಿಯಮ್ಮನಿಗೆ ಆಗಲೇ ಎಪ್ಪತ್ತು ದಾಟಿತ್ತು. ನಾನು ತರಕಾರಿಗೆ ಹೋದಾಗೆಲ್ಲ ತಾಯಿ ಮಗ ಗೋಣಿಚೀಲದ ಮೇಲೆ ಅಕ್ಕಪಕ್ಕ ಕೂತು ಅವರೇಕಾಯಿ ಸುಲಿಯುತ್ತ, ಯಾರು ಜಾಸ್ತಿ ಸುಲಿದರೆಂದು ಜಗಳ ಆಡುತ್ತಿದ್ದರು. ಮುನಿಯಮ್ಮ ಕಾಳುಗಳನ್ನು ಕದ್ದು ತನ್ನ ಮೊರಕ್ಕೆ ಹಾಕಿಕೊಳ್ಳುತ್ತಿದ್ದುದನ್ನು ನಾನು ನೋಡಿದ್ದೇನೆ. ನೋಡಲು ಖುಷಿಯಾಗುತ್ತಿತ್ತು, ಒಳಗೊಳಗೇ ಸಂಕಟವೂ ಆಗುತ್ತಿತ್ತು.

ಏಳು ತಿಂಗಳ ಮೇಲೆ ನಾನು ಚೆಸ್ ತೀರ್ಪುಗಾರರ ಪರೀಕ್ಷೆಗೆ ಕಟ್ಟಿದೆ. ಚಾಮರಾಜಪೇಟೆಯಲ್ಲಿ ತರಗತಿ. ನಿಯಮಗಳ ಪುಸ್ತಕ ಓದುತ್ತಿದ್ದಾಗ ಒಂದು ಸಾಲು ಕಣ್ಣಿಗೆ ಬಿತ್ತು: ರೇಟಿಂಗ್ ಎರಡೂವರೆ ಸಾವಿರವನ್ನು ಟೂರ್ನಿಯ ನಡುವೆ ಮುಟ್ಟಿದರೂ ಆಯಿತು, ನಂತರದ ಸೋಲುಗಳು ಲೆಕ್ಕಕ್ಕಿಲ್ಲ. ಅಂದರೆ ಹೈದರಾಬಾದಿನ ಆರನೆಯ ಆಟ ಮುಗಿದಾಗಲೇ ರಾಜಣ್ಣನಿಗೆ ಅರ್ಹತೆ ಬಂದಿತ್ತು, ಬಿರುದಿಗೆ ಅರ್ಜಿ ಹಾಕುವುದಷ್ಟೇ ಬಾಕಿ. ಉಳಿಸಿಕೊಳ್ಳಿ, ಡ್ರಾ ಮಾಡಿಕೊಳ್ಳಿ ಎಂದು ಬುದ್ಧಿ ಹೇಳಿದವಳು ನಾನು. ನಿಯಮ ತಿಳಿಯದೆ ಅವರ ಆಟವನ್ನೇ ನಿಲ್ಲಿಸಿದವಳೂ ನಾನೇ. ತರಗತಿಯಿಂದ ಎದ್ದು ಮೆಟ್ರೋ ಹತ್ತಿದೆ. ಸಂಪಿಗೆ ರಸ್ತೆಯಲ್ಲಿ ಇಳಿದು ಓಡಿದೆ.

ರಾಜಣ್ಣ ಗಿರಾಕಿಯೊಬ್ಬರಿಗೆ ಬೀನ್ಸ್ ತೂಗುತ್ತಿದ್ದರು. ಏದುಸಿರು ಬಿಡುತ್ತ ಎಲ್ಲ ಹೇಳಿದೆ. ತಕ್ಕಡಿ ಹಿಡಿದ ಕೈ ಹಾಗೇ ನಿಂತಿತು. ಆಮೇಲೆ ನಕ್ಕರು: "ಹಂಗಾದ್ರೆ ಏಳು ತಿಂಗ್ಳಿಂದ ಈ ಜನಕ್ಕೆ ಗ್ರ್ಯಾಂಡ್‌ಮಾಸ್ಟರ್ ಬೀನ್ಸ್ ತೂಗ್ತಿದ್ದಾನೆ ಅನ್ನು."

"ಏನಂತಮ್ಮಾ?" ಎಂದರು ಮುನಿಯಮ್ಮ. ಹೇಳಿದೆ. ಸೆರಗಿನಿಂದ ಕಣ್ಣೊರೆಸಿಕೊಂಡು, ಪಕ್ಕದ ಹೂವಿನವಳಿಂದ ಒಂದು ಮೊಳ ಮಲ್ಲಿಗೆ ತಂದು ಮಗನಿಗಲ್ಲ, ನನಗೆ ಮುಡಿಸಿದರು. ಮರುವಾರವೇ ಮಗನ ಬ್ಯಾಗು ಕಟ್ಟಿ ಟೂರ್ನಿಗೆ ಕಳಿಸಿದರು. ಅದಾದ ನಾಲ್ಕೇ ತಿಂಗಳಿಗೆ ಮುನಿಯಮ್ಮ ತೀರಿಕೊಂಡರು. ರಾಜಣ್ಣ ಟೂರ್ನಿಯಿಂದ ಬರುವಷ್ಟರಲ್ಲಿ ಉಸಿರು ಹೋಗಿತ್ತು.

ಎರಡು ವರ್ಷ ರಾಜಣ್ಣ ಹೆದರಿಕೆಯಿಲ್ಲದೆ ಆಡಿದರು, ಚೆನ್ನಾಗಿ ಆಡಿದರು. ಈ ವರ್ಷ ಕಠ್ಮಂಡುವಿನಲ್ಲಿ ತರಬೇತುದಾರರ ಕೆಲಸ ಸಿಕ್ಕಿತು. ಈಗ ಅಂಗಡಿಯಲ್ಲಿ ಅವರ ತಮ್ಮ ಗೋಪಿ ಕೂರುತ್ತಾನೆ. ತರಕಾರಿ ಚೆನ್ನಾಗಿದೆ, ಮಾತು ಕಡಿಮೆ. ಹೊರಡುವ ಹಿಂದಿನ ದಿನ ರಾಜಣ್ಣನನ್ನು ನೋಡಲು ಹೋಗಿದ್ದೆ. ಎರಡು ವರ್ಷದಿಂದ ಎದೆಯಲ್ಲಿದ್ದದ್ದನ್ನು ಆಡಿಯೇಬಿಟ್ಟೆ: "ಆ ಏಳು ತಿಂಗಳು ನನ್ನಿಂದ ಹಾಳಾಯ್ತು ರಾಜಣ್ಣ. ಕ್ಷಮಿಸಿ."

ಅವರು ಮಡಚುತ್ತಿದ್ದ ಅಂಗಿಯನ್ನು ಕೆಳಗಿಟ್ಟರು. "ಬೈಬೇಡ. ನಂಗೆ ಎರಡನೇ ತಿಂಗ್ಳಲ್ಲೇ ಗೊತ್ತಾಗಿತ್ತು. ಜೊತೇಲಿ ಆಡ್ತಿದ್ದೋನೊಬ್ಬ ಫೋನ್ ಮಾಡಿ ಹೇಳ್ದ. ಯಾರಿಗೂ ಹೇಳ್ಬೇಡ ಮಗಾ ಅಂದೆ."

"ಯಾಕೆ?" ಎಂದೆ.

"ಅಮ್ಮಂಗೆ ಆಗ್ಲೇ ಮೂಟೆ ಎತ್ತಕ್ಕಾಗ್ತಿರ್ಲಿಲ್ಲ. ಗ್ರ್ಯಾಂಡ್‌ಮಾಸ್ಟರ್ ಆದೆ ಅಂತ ಗೊತ್ತಾಗಿದ್ರೆ ಅವತ್ತೇ ಬ್ಯಾಗ್ ಕಟ್ಟಿ ಕಳಿಸ್ಬಿಡೋಳು. ಇಪ್ಪತ್ತು ವರ್ಷ ಹಂಗೇ ಕಳಿಸಿದ್ಳಲ್ಲ. ಸೋತು ಬಂದಿದೀನಿ ಅಂದ್ಕೊಂಡು ಮೊದಲ್ನೇ ಸಲ ಇಲ್ಲೇ ಇರು ಅಂದ್ಳು. ಇದ್ದೆ."

ಸಿಟ್ಟು, ಅಳು, ನಗು ಎಲ್ಲ ಒಟ್ಟಿಗೇ ಬಂತು. "ನನಗಾದ್ರೂ ಒಂದು ಮಾತು ಹೇಳಬಾರದಿತ್ತಾ?" ಎಂದೆ.

"ಹೇಳಿದ್ರೆ ನೀನು ಸುಮ್ನಿರ್ತಿದ್ಯಾ? ಅವತ್ತೇ ಅರ್ಜಿ ಹಾಕಿಸ್ತಿದ್ದೆ."

ನಿಜ. ಅವತ್ತೇ ಹಾಕಿಸುತ್ತಿದ್ದೆ.