ಹಬ್ಬಕ್ಕೆ ತೊಳೆದ ಸಿ.ಡಿ.ಗಳು

ಗೆಳೆಯರೇ, ಹೊಳೆನರಸೀಪುರದಲ್ಲಿ ಸೈಬರ್ ಸೆಂಟರ್ ಇಟ್ಟಿರುವ ನಮ್ಮ ಮಂಜಣ್ಣ ಮಳೆಗಾಲವೆಲ್ಲ ಕೂತು, ಕ್ರಿಕೆಟ್ ಗೇಮಿನೊಳಗೆ ಊರ ಹೊಳೆದಂಡೆಯನ್ನೇ ಮೈದಾನ ಮಾಡಿದ್ದ. ಇವತ್ತು ಆಯುಧಪೂಜೆಗೆ ಬಂದವರಿಗೆಲ್ಲ ತೋರಿಸಬೇಕಿತ್ತು. ಆ ಮೈದಾನ ಗೇಮಿನ ಹಳೇ ವರ್ಷನ್ನಿಗೆ ಮಾತ್ರ ಹೊಂದುತ್ತದೆ. ಪೂಜೆಗೆಂದು ಅವನ ಹೆಂಡತಿ, ನಮ್ಮ ಅತ್ತಿಗೆ, ಗೇಮಿನ ಸಿ.ಡಿ.ಗಳ ಮೇಲೆ ಬರೆದಿದ್ದ ವರ್ಷನ್ ನಂಬರನ್ನೆಲ್ಲ ತಿಕ್ಕಿ ತೊಳೆದು ಕುಂಕುಮ ಇಟ್ಟಿದ್ದರು.

“ಯಾವ್ದು ಹಳೇದು ಅಂತ ಈಗ ಎಂಗೆ ಗೊತ್ತಾಗ್ಬೇಕೇ?”

“ದೇವ್ರ ಮುಂದೆ ಕೊಳೆ ಮಡಗಕ್ಕಾಯ್ತದಾ? ಈಗ ಎಲ್ಲಾ ಹೊಸ್ದೇ ಬುಡಿ!”

ಮಂಜಣ್ಣ ಬೈಯುತ್ತಲೇ ಕೈಗೆ ಸಿಕ್ಕಿದ್ದನ್ನು ಹಾಕಿದ. ಸಿಕ್ಕಿದ್ದು ಹೊಸ ವರ್ಷನ್ನು. ಹೊಳೆ ಬಂತು, ತೆಂಗಿನಮರ ಬಂತು. ಆಟಗಾರರು ಒಬ್ಬರೂ ಬರಲಿಲ್ಲ. ನಾವು ಪುರಿ ತಿನ್ನುತ್ತಾ ಆ ಖಾಲಿ ದಂಡೆಯನ್ನೇ ನೋಡುತ್ತಾ ಕೂತೆವು. ಮಂಜಣ್ಣ ಬೈಯುವುದನ್ನೂ ಮರೆತು, “ಚೆಂದಾಗೈತೆ ಕಣ್ಲಾ” ಅಂದ.

ಆಟ ಓಡಲಿಲ್ಲ, ನೋಟ ಬಿಡಲಿಲ್ಲ. ದಿನದ ಕೊನೆಗೆ ಹೊಳೆ ನಾಟೌಟ್.