ಹಸಿರು ಪುಸ್ತಕದ ಕನ್ನಡ ಪುಟ

ಕಳೆದ ವಾರ ದೋಹಾದ ಮದೀನತ್ ಖಲೀಫಾದಲ್ಲಿ ಒಂದು ಕ್ಲಿನಿಕ್ಕಿಗೆ ಹೋಗುವಾಗ ಮಗನ ಸರ್ಟಿಫಿಕೇಟುಗಳ ರೆಕ್ಸಿನ್ ಫೈಲನ್ನು ಕಾರಿನ ಸೀಟಿನ ಮೇಲೇ ಬಿಟ್ಟಿದ್ದೆ. ಜುಲೈ ತಿಂಗಳ ಮಧ್ಯಾಹ್ನ. ಮುಕ್ಕಾಲು ಗಂಟೆ ಕಳೆದು ಬಂದು ಬಾಗಿಲು ತೆರೆದರೆ ಕಾದ ರೆಕ್ಸಿನ್ನಿನ ವಾಸನೆ ಮುಖಕ್ಕೆ ರಪ್ಪನೆ ಹೊಡೆಯಿತು. ಏಸಿ ಹಾಕುವುದನ್ನೂ ಮರೆತು ಹಾಗೇ ಕೂತುಬಿಟ್ಟೆ. ಹಸಿರು ರೆಕ್ಸಿನ್ ಹೊದಿಕೆಯ ಒಂದು ದಪ್ಪ ನೋಟುಪುಸ್ತಕ ನೆನಪಾಗಿತ್ತು. ಅದು ವಿಯೆಟ್ನಾಮಿನ ಗುಡ್ಡಗಾಡಿನ ಒಬ್ಬ ಟೂರ್ ಗೈಡ್‌ನದು. ಅವರ ಹೆಸರು ಆಗಲೂ ನನ್ನ ನಾಲಿಗೆಗೆ ಸರಿಯಾಗಿ ಬರುತ್ತಿರಲಿಲ್ಲ. ಈಗ ಬರೆದು ಇನ್ನೊಮ್ಮೆ ಕೆಡಿಸುವುದು ಬೇಡ, ಗೈಡ್ ಎಂದೇ ಕರೆಯುತ್ತೇನೆ.

ದೋಹಾದಲ್ಲಿ ಏಶ್ಯನ್ ಗೇಮ್ಸ್ ನಡೆದ ಮರುವರ್ಷದ ಈದ್ ರಜೆ. ನಾನು ಆಗ ಕತಾರಿನ ಗ್ಯಾಸ್ ಸ್ಥಾವರಗಳಿರುವ ರಾಸ್ ಲಫಾನಿನಲ್ಲಿ ಒಂದು ಕಂಟ್ರಾಕ್ಟ್ ಕಂಪನಿಯ ಪರ್ಮಿಟ್ ಕಚೇರಿಯಲ್ಲಿದ್ದೆ. ದಿನವೂ ಯಾವ ತಂಡ ಎಲ್ಲಿ ಕೆಲಸ ಮಾಡಬಹುದು ಎಂಬ ಚೀಟಿಗೆ ಸಹಿ ಹಾಕುವುದು ನನ್ನ ಕೆಲಸ. ಸಹಿ ಹಾಕಿ ಹಾಕಿ ನಾನೊಬ್ಬ ದೊಡ್ಡ ಮನುಷ್ಯ ಎಂಬ ಭ್ರಮೆ ಬಂದಿತ್ತು. ಎಲ್ಲರೂ ದುಬೈ, ಮಲೇಷ್ಯಾ ಎಂದು ಹೋಗುವಾಗ ನಾನು ಬೇರೆಯೇ ಎಂದು ತೋರಿಸಬೇಕಲ್ಲ... ಹೆಂಡತಿ ಮತ್ತು ಆರು ವರ್ಷದ ಮಗನನ್ನು ಕರೆದುಕೊಂಡು ವಿಯೆಟ್ನಾಮಿನ ದಾಲಾತ್‌ಗೆ ಹೋದೆ. ಎತ್ತರದ ಊರು, ಪೈನ್ ಮರಗಳು, ಅಕ್ಟೋಬರಿನಲ್ಲೂ ಸ್ವೆಟರ್ ಹಾಕುವಷ್ಟು ಚಳಿ. ಹೋಟೆಲಿನವರು ಒಂದು ದಿನದ ಹಳ್ಳಿ ಸುತ್ತಾಟಕ್ಕೆ ಈ ಗೈಡನ್ನು ಗೊತ್ತುಮಾಡಿ ಕೊಟ್ಟರು.

ನನಗಿಂತ ಹತ್ತು ವರ್ಷ ದೊಡ್ಡವರು. ಸಣಕಲು ದೇಹ, ಮಾಸಿದ ಜಾಕೆಟ್ಟು, ಯಾವಾಗಲೂ ನಗುಮುಖ. ವ್ಯಾನನ್ನೂ ಅವರೇ ಓಡಿಸುತ್ತಿದ್ದರು. ಹತ್ತಿದ ಕೂಡಲೇ ಮೊದಲ ಪ್ರಶ್ನೆ, ಊಟಕ್ಕೆ ಏನಾಗುತ್ತದೆ ಎಂದು. ಮೀನಿಲ್ಲದೆ ತುತ್ತು ಇಳಿಯದ ಕರಾವಳಿಯವನು ನಾನು. ಆದರೆ ಆ ದೇಶದಲ್ಲಿ ಯಾವುದನ್ನು ಬೇಯಿಸಿ ಹಾಕುತ್ತಾರೋ ಹೇಳಲಾಗದು ಎಂದು ಆಫೀಸಿನವರು ತಲೆ ತುಂಬಿಸಿ ಕಳಿಸಿದ್ದರು. ಹಾಗಾಗಿ ನಾವು ಶುದ್ಧ ಸಸ್ಯಾಹಾರಿಗಳು ಎಂದುಬಿಟ್ಟೆ. ಗೈಡ್ ತಲೆಯಾಡಿಸಿ ಯಾರಿಗೋ ಫೋನು ಮಾಡಿ ತುಂಬ ಹೊತ್ತು ಮಾತಾಡಿದರು.

ಹೂವಿನ ತೋಟಗಳು, ರಸ್ತೆಬದಿಯಲ್ಲಿ ಒಣಹಾಕಿದ ಕಾಫಿ ಹಣ್ಣು, ರೇಷ್ಮೆ ಗೂಡು ಕುದಿಸಿ ನೂಲು ತೆಗೆಯುವ ಒಂದು ಶೆಡ್ಡು... ಎಲ್ಲವನ್ನೂ ನಿಧಾನವಾಗಿ ತೋರಿಸಿದರು. ಮಗನನ್ನು ಹೆಗಲ ಮೇಲೆ ಕೂರಿಸಿಕೊಂಡು ಕೆಸರು ದಾಟಿಸಿದರು. ದಾರಿಯಲ್ಲಿ ನನ್ನ ಕೆಲಸದ ಬಗ್ಗೆ ಕೇಳಿದರು. ಗಲ್ಫಿನವರ ಬಾಯಿಗೆ ಬಾಗಿಲು ಎಲ್ಲಿ? ರಾಸ್ ಲಫಾನ್ ನನ್ನ ಬೆರಳ ತುದಿಯಲ್ಲಿದೆ ಎಂಬಂತೆ ಬಣ್ಣಿಸಿದೆ. ನೀವೂ ಬನ್ನಿ, ನಿಮ್ಮಂಥ ಇಂಗ್ಲಿಷ್ ಬರುವವರಿಗೆ ಕೆಲಸ ಬಿದ್ದುಕೊಂಡಿದೆ, ನಾನಿದ್ದೇನೆ ಎಂದೆ. ಅವರು ಕನ್ನಡಿಯಲ್ಲಿ ನನ್ನ ಮುಖವನ್ನೇ ನೋಡುತ್ತಿದ್ದರು. ಫೋನ್ ನಂಬರ್ ಕೇಳಿದಾಗ ಮಾತ್ರ ಮಾತು ತೇಲಿಸಿಬಿಟ್ಟೆ.

ಮಧ್ಯಾಹ್ನ ಅವರು ನಮ್ಮನ್ನು ಕರೆದುಕೊಂಡು ಹೋದದ್ದು ಹೋಟೆಲಿಗಲ್ಲ, ಕಾಫಿ ಗಿಡಗಳ ನಡುವಿನ ತಮ್ಮ ಮನೆಗೆ. ಚಾಪೆಯ ಮೇಲೆ ಅನ್ನ, ಕುಂಬಳಕಾಯಿ, ಯಾವುದೋ ಸೊಪ್ಪಿನ ಪಲ್ಯ, ಹುರಿದ ತೋಫು ಇಟ್ಟಿದ್ದರು. ಅವರ ವಯಸ್ಸಾದ ಅತ್ತೆ ಬಾಗಿಲ ಬಳಿ ಕೈಕಟ್ಟಿ ನಿಂತಿದ್ದರು. ಮಾಂಸದ ಪಾತ್ರೆ ತಾಗಬಾರದೆಂದು ಪಕ್ಕದ ಮನೆಯಿಂದ ಹೊಸ ಪಾತ್ರೆ ತಂದು ಅಡುಗೆ ಮಾಡಿದ್ದಾರೆ ಎಂದು ಗೈಡ್ ಹೇಳಿದರು. ಹೆಂಡತಿ ಕೂರಲು ಹೊರಟಿದ್ದಳು. ನಾನು ಕಣ್ಣಲ್ಲೇ ತಡೆದೆ. ಹೊಟ್ಟೆ ಸರಿಯಿಲ್ಲ, ಮೂವರಿಗೂ ಸರಿಯಿಲ್ಲ ಎಂದೆ. ಒಂದೇ ಹೊತ್ತಿಗೆ ಮೂವರ ಹೊಟ್ಟೆಯೂ ಹೇಗೆ ಕೆಟ್ಟಿತು ಎಂದು ಅವರು ಕೇಳಲಿಲ್ಲ. ಅಲ್ಲಿಂದ ಹೊರಟು ಅರ್ಧ ಗಂಟೆ ಆಗಿರಲಿಲ್ಲ, ಮಗ ಹಸಿವು ಎಂದು ಅಳತೊಡಗಿದ. ಅವರ ಬೆನ್ನ ಹಿಂದೆಯೇ ವ್ಯಾನಿನಲ್ಲಿ ನಮ್ಮ ಚಪಾತಿ ಪೊಟ್ಟಣ ಬಿಚ್ಚಿದೆವು. ಮಿಡಿ ಉಪ್ಪಿನಕಾಯಿಯ ಘಮ ವ್ಯಾನು ತುಂಬಿತು. ಅವರು ಕಿಟಕಿಯ ಗಾಜು ಸ್ವಲ್ಪ ಇಳಿಸಿದರು.

ಮನೆಗೆ ಹೋದ ಸುತ್ತಿನಲ್ಲಿ ಹೊತ್ತು ಮೀರಿ, ಮಳೆಯೂ ಬಂದು, ಜಲಪಾತ ನೋಡುವುದು ತಪ್ಪಿಹೋಯಿತು. ನನಗೆ ಸಿಟ್ಟು ಬಂತು. ಜೊತೆಗೆ ಹೆಂಡತಿಯ ಹೊಸ ಕೂಲಿಂಗ್ ಗ್ಲಾಸ್ ಕಾಣಿಸಲಿಲ್ಲ. ವ್ಯಾನಿನ ಸೀಟಿನಡಿಯೆಲ್ಲ ಹುಡುಕಿದೆವು. ಗೈಡ್ ಮಳೆಯಲ್ಲಿ ಟಾರ್ಚು ಹಿಡಿದು ತಾವೂ ಹುಡುಕಿದರು. ಅವರು ಹೆಚ್ಚು ಹುಡುಕಿದಷ್ಟೂ ನನಗೆ ಅನುಮಾನ ಹೆಚ್ಚಾಯಿತು.

ಹೋಟೆಲಿನ ಮುಂದೆ ಇಳಿಯುವಾಗ ಅವರು ಡ್ಯಾಶ್‌ಬೋರ್ಡಿನ ಒಳಗಿಂದ ಆ ಹಸಿರು ಪುಸ್ತಕ ತೆಗೆದು ಎರಡೂ ಕೈಯಲ್ಲಿ ಹಿಡಿದು ಕೊಟ್ಟರು. ಆ ಕಡೆಯ ಗೈಡುಗಳೆಲ್ಲ ಹಾಗೆ ಒಂದು ಪುಸ್ತಕ ಇಟ್ಟುಕೊಳ್ಳುತ್ತಾರೆ. ಬಂದವರು ತಮ್ಮ ತಮ್ಮ ಭಾಷೆಯಲ್ಲಿ ನಾಲ್ಕು ಸಾಲು ಬರೆಯುತ್ತಾರೆ. ಮುಂದೆ ಬರುವ ಗಿರಾಕಿಗೆ ಅದೇ ಶಿಫಾರಸು. ಫ್ರೆಂಚು, ಜರ್ಮನ್, ಜಪಾನಿ ಎಲ್ಲ ಇತ್ತು. ನಿಮ್ಮ ಊರಿನ ಭಾಷೆಯಲ್ಲೇ ಬರೆಯಿರಿ, ಅದು ನನ್ನಲ್ಲಿಲ್ಲ ಎಂದರು. ನಾನು ಬರೆದೆ. ಒಂದೊಂದು ಅಕ್ಷರವೂ ಇವತ್ತಿಗೂ ಬಾಯಿಪಾಠವಿದೆ.

"ನಮ್ಮವರ ಗಮನಕ್ಕೆ: ಇವನ ನಗು ನಂಬಬೇಡಿ. ಊಟದ ನೆಪದಲ್ಲಿ ಮನೆಗೆ ಕರೆದೊಯ್ದು ದಿನ ಹಾಳುಮಾಡುತ್ತಾನೆ. ಅಲ್ಲಿ ಏನೂ ತಿನ್ನಬೇಡಿ. ಸಾಮಾನಿನ ಮೇಲೆ ಒಂದು ಕಣ್ಣಿರಲಿ. ದೋಹಾದಿಂದ ಬಂದ ಒಬ್ಬ ಕನ್ನಡಿಗ."

ಅವರು ಆ ಗುಂಡು ಗುಂಡು ಅಕ್ಷರಗಳ ಮೇಲೆ ಬೆರಳಾಡಿಸಿ, ಎಷ್ಟು ಚಂದ ಎಂದು ಮತ್ತೆ ಮತ್ತೆ ಹೇಳಿದರು. ರೂಮಿಗೆ ಹೋಗಿ ಉಪ್ಪಿನಕಾಯಿ ಬಾಟಲಿ ತೆಗೆಯಲು ತಿಂಡಿಯ ಚೀಲಕ್ಕೆ ಕೈ ಹಾಕಿದರೆ ಕೂಲಿಂಗ್ ಗ್ಲಾಸು ಅಲ್ಲೇ ಇತ್ತು. ಕಂಕುಳಲ್ಲಿ ಕೂಸನ್ನಿಟ್ಟುಕೊಂಡು ಊರೆಲ್ಲ ಹುಡುಕಿದ ಕಥೆ. ಹೆಂಡತಿ ನಕ್ಕಳು. ಪುಸ್ತಕದಲ್ಲಿ ನಾನು ಬರೆದದ್ದು ಅವಳಿಗೆ ಗೊತ್ತಿರಲಿಲ್ಲ. ಮರುದಿನ ಬೆಳಿಗ್ಗೆ ಹೋಟೆಲಿನವರಿಂದ ಅವರನ್ನು ಕರೆಸಬಹುದಿತ್ತು. ಕರೆಸಲಿಲ್ಲ. ಉಂಡ ಮನೆಗೆ ಎರಡು ಬಗೆಯುವವರು ಎಂದು ಬೈಯುತ್ತಾರೆ. ನಾನು ಉಣ್ಣದೆಯೇ ಬಗೆದವನು.

ಮರುವರ್ಷದ ಬೇಸಗೆ. ನಮ್ಮ ಪ್ರಾಜೆಕ್ಟಿನ ಸ್ಟೋರ್ ನೋಡಿಕೊಳ್ಳುತ್ತಿದ್ದವರು ಬಂಟ್ವಾಳ ಕಡೆಯ ಒಬ್ಬ ಹಿರಿಯ ಬ್ಯಾರಿ, ನಾವೆಲ್ಲ ಹಾಜಿಯವರೇ ಎನ್ನುತ್ತಿದ್ದೆವು. ಕತಾರಿನಲ್ಲಿ ಇಪ್ಪತ್ತೈದು ವರ್ಷ ಕಳೆದವರು. ಹತ್ತು ಗಂಟೆಯ ಹಾಲಿಲ್ಲದ ಸುಲೈಮಾನಿ ಚಹಾ ದಿನವೂ ಅವರ ಜೊತೆಗೇ. ಅವತ್ತು ಚಹಾ ಕುಡಿಯುತ್ತ ಅವರು ನಗುತ್ತ ಶುರುಮಾಡಿದರು.

"ಒಂದು ತಮಾಷೆ ಕೇಳಿ ಮಾರಾಯ್ರೆ. ಸ್ಟೋರಿಗೆ ಹೆಲ್ಪರ್ ಬೇಕು ಅಂತ ಹೇಳಿದ್ದೆನಲ್ಲ? ಒಬ್ಬ ವಿಯೆಟ್ನಾಮಿನವ ಬಂದಿದ್ದ. ಸ್ಕ್ಯಾಫೋಲ್ಡಿಂಗ್ ತಂಡದವ, ಪೈಪಿನ ಅಟ್ಟಣೆ ಕಟ್ಟುವವ. ಒಳ್ಳೆ ಇಂಗ್ಲಿಷ್ ಉಂಟು. ತಗೊಳ್ಳುವ ಅಂತಲೇ ಇದ್ದೆ. ನೀವು ಇಂಡಿಯಾದಲ್ಲಿ ಎಲ್ಲಿಯವರು ಅಂತ ಕೇಳಿದ. ಹೇಳಿದೆ. ಕೂಡಲೇ ಒಂದು ಪುಸ್ತಕ ತೆಗೆದು ತೋರಿಸಿದ. ನೋಡಿದ್ರೆ ಕನ್ನಡ! ಅದರಲ್ಲಿ ಎಂತ ಬರ್ದದ್ದು ಗೊತ್ತುಂಟಾ?"

ನನಗೆ ಗೊತ್ತಿತ್ತು. ಲೋಟ ಕೈಯಲ್ಲೇ ಉಳಿಯಿತು. ಅವರು ಪೂರ್ತಿ ಹೇಳಿ ಮುಗಿಸಿದರು. ಸ್ಟೋರ್ ಎಂದರೆ ಸಾಮಾನು ಬಿದ್ದಿರುವ ಜಾಗ, ಅಂಥವನನ್ನು ಹೇಗೆ ತೆಗೆದುಕೊಳ್ಳುವುದು, ಮಾಫಿ, ಕೆಲಸ ಇಲ್ಲ ಎಂದು ಕಳಿಸಿದೆ ಎಂದರು. ಅವನು ಒಳ್ಳೆಯವನೂ ಇರಬಹುದಲ್ಲ ಎಂದು ನಾನು ಗೊಣಗಿದೆ.

"ಇಲ್ಲ ಮಾರಾಯ್ರೆ. ಕನ್ನಡದಲ್ಲಿ ಬರ್ದದ್ದು. ನಮ್ಮವರು ಸುಳ್ಳು ಯಾಕೆ ಬರೀತಾರೆ?"

ಆಗಲೇ ಹೇಳಬಹುದಿತ್ತು. ಬರೆದವನು ನಾನು, ಅದು ಸುಳ್ಳು ಎಂದು ಎರಡೇ ಮಾತು. ಬಿಸಿ ತುಪ್ಪ ಬಾಯಲ್ಲಿಟ್ಟುಕೊಂಡವನ ಹಾಗೆ ಕೂತಿದ್ದೆ. ಸ್ಟೋರಿನೊಳಗೆ ಏಸಿ ಇತ್ತು, ಕೂರಲು ಕುರ್ಚಿ ಇತ್ತು. ಹೊರಗೆ ಕಬ್ಬಿಣದ ಪೈಪುಗಳನ್ನು ಕೈಗವಸು ಹಾಕಿಕೊಂಡರೂ ಮುಟ್ಟಲಾಗುತ್ತಿರಲಿಲ್ಲ. ಮಧ್ಯಾಹ್ನದ ವಿರಾಮ ಕಾನೂನಿನಲ್ಲಿತ್ತು, ನಿಜ. ಬೆಳಿಗ್ಗೆ ಎಂಟರ ಬಿಸಿಲಿಗೆ ಯಾವ ಕಾನೂನೂ ಇರಲಿಲ್ಲ.

ನಾಲ್ಕು ದಿನ ಕಳೆದಿರಬಹುದು. ಪರ್ಮಿಟ್ ಕೌಂಟರಿನ ಮುಂದೆ ಫೋರ್‌ಮನ್ನಿನ ಹಿಂದೆ ನಿಂತಿದ್ದ ಒಬ್ಬರು ನನ್ನ ದನಿ ಕೇಳಿ ಮುಖಕ್ಕೆ ಸುತ್ತಿದ್ದ ಬಟ್ಟೆ ಸರಿಸಿದರು. ಅರ್ಧ ಆಗಿಹೋಗಿದ್ದರು. ಆದರೆ ಅದೇ ನಗು. "ಸರ್! ನೀವು ಹೇಳಿದಿರಿ, ನಾನು ಬಂದೆ" ಎಂದು ಕಂಡಿಯೊಳಗೆ ಕೈ ತೂರಿಸಿ ನನ್ನ ಕೈ ಹಿಡಿದುಕೊಂಡರು. ಮನೆ ಹಿಂದಿನ ಕಾಫಿ ತೋಟದ ಒಂದು ಪಾಲು ಮಾರಿ ಏಜೆಂಟನ ಮೂಲಕ ಬಂದಿದ್ದರು. ಬಂದ ದಿನದಿಂದ ನನ್ನನ್ನು ಹುಡುಕುತ್ತಿದ್ದರಂತೆ.

ಪಾಪಪ್ರಜ್ಞೆ ಎನ್ನಿ, ಹೆದರಿಕೆ ಎನ್ನಿ, ಮುಂದಿನ ಶುಕ್ರವಾರ ಅವರನ್ನು ಕ್ಯಾಂಪಿನಿಂದ ಅಲ್ ಅಜೀಜಿಯಾದ ನಮ್ಮ ಫ್ಲ್ಯಾಟಿಗೆ ಊಟಕ್ಕೆ ಕರೆತಂದೆ. ಹೆಂಡತಿ ಕುಚ್ಚಲಕ್ಕಿ ಅನ್ನ, ಬಂಗುಡೆ ಸಾರು ಮಾಡಿದ್ದಳು. ಮಗ ಮೀನಿನ ಮುಳ್ಳು ಬಿಡಿಸುವುದನ್ನು ಅವರು ಬೆರಗಿನಿಂದ ನೋಡಿದರು.

"ಸರ್, ಈಗ ಮೀನು ತಿನ್ನುತ್ತೀರಾ?"

"ಡಾಕ್ಟರು ಹೇಳಿದ್ದಾರೆ" ಎಂದೆ. ಹೆಂಡತಿ ತಟ್ಟೆಯಿಂದ ತಲೆ ಎತ್ತಲಿಲ್ಲ.

ಅವರು ಎರಡೆರಡು ಸಲ ಬಡಿಸಿಕೊಂಡು ಉಂಡರು. ಕೈ ತೊಳೆದು ಬಂದು ಪ್ಲಾಸ್ಟಿಕ್ ಚೀಲದಿಂದ ಪುಸ್ತಕ ತೆಗೆದರು. ಬಿಸಿಲಲ್ಲಿ ಕಾದು ಹೊದಿಕೆ ಅಂಟಂಟಾಗಿತ್ತು.

"ಸ್ಟೋರಿನ ಬಾಸ್ ನಿಮ್ಮ ಪುಟವನ್ನು ಎರಡು ಸಲ ಓದಿದರು ಸರ್. ಆಮೇಲೆ ನನ್ನನ್ನೇ ತುಂಬ ಹೊತ್ತು ನೋಡಿದರು. ಕೆಲಸ ಇಲ್ಲ ಎಂದರು. ಪರವಾಗಿಲ್ಲ. ಆದರೆ ಇದರಲ್ಲಿ ಏನಿದೆ ಎಂದು ನನಗೆ ಇಷ್ಟು ದಿನವೂ ಗೊತ್ತಿಲ್ಲ. ಒಮ್ಮೆ ಓದಿ ಹೇಳುತ್ತೀರಾ?"

ಹೆಂಡತಿ ಚಹಾ ಇಡಲು ಬಂದವಳು ನನ್ನ ಹೆಗಲ ಮೇಲಿಂದ ಬಗ್ಗಿ ನೋಡಿದಳು. ನಾಲ್ಕು ಸಾಲು ಓದಲು ಎಷ್ಟು ಹೊತ್ತು ಬೇಕು? ನಾನು ಆ ಸಾಲುಗಳ ಮೇಲೆ ಬೆರಳಿಟ್ಟುಕೊಂಡೇ ಇಂಗ್ಲಿಷಿನಲ್ಲಿ ಓದಿದೆ. ಈ ಗೈಡ್ ಬಹಳ ಪ್ರಾಮಾಣಿಕರು. ತಮ್ಮ ಮನೆಗೇ ಕರೆದೊಯ್ದು ಹೊಸ ಪಾತ್ರೆಯಲ್ಲಿ ಅಡುಗೆ ಮಾಡಿ ಬಡಿಸಿದರು. ಅಷ್ಟು ರುಚಿಯಾದ ಊಟವನ್ನು ನಾವು ಎಲ್ಲೂ ಉಂಡಿಲ್ಲ... ಅವರ ಕಣ್ಣು ತುಂಬಿತು. ಅತ್ತೆ ತೀರಿಕೊಂಡರು, ಇದ್ದಿದ್ದರೆ ಅವರಿಗೆ ಓದಿ ಹೇಳುತ್ತಿದ್ದೆ ಎಂದರು. ಅದನ್ನೇ ಕೆಳಗೆ ಇಂಗ್ಲಿಷಿನಲ್ಲಿ ಬರೆದುಕೊಡಿ ಎಂದು ಪೆನ್ನು ಕೊಟ್ಟರು. ಬರೆದೆ. ಹೆಂಡತಿ ಚಹಾ ಲೋಟವನ್ನು ಸದ್ದಾಗುವಂತೆ ಇಟ್ಟು ಅಡುಗೆಮನೆಗೆ ಹೋದಳು.

ಎರಡೇ ದಿನದಲ್ಲಿ ಹಾಜಿಯವರು ಪರ್ಮಿಟ್ ಕಚೇರಿಗೆ ತಾವೇ ನಡೆದು ಬಂದರು. ಅವರು ಎಂದೂ ಸ್ಟೋರ್ ಬಿಟ್ಟು ಬರುವವರಲ್ಲ. ಕನ್ನಡ ಬರೆದವರೇ ಅರ್ಥವನ್ನೂ ಬರೆದುಕೊಟ್ಟರೆಂದು ಗೈಡ್ ಸಂಭ್ರಮದಿಂದ ಇಂಗ್ಲಿಷ್ ಸಾಲುಗಳನ್ನು ತೋರಿಸಲು ಮತ್ತೆ ಅವರಲ್ಲಿಗೆ ಹೋಗಿದ್ದರು. ನನ್ನ ಇಂಗ್ಲಿಷ್ ಕೈಬರಹ ದಿನವೂ ಸ್ಟೋರಿನ ಚೀಟಿಗಳಲ್ಲಿ ಅವರು ನೋಡುವಂಥದ್ದೇ.

"ಮೇಲೆ ಒಂದು, ಕೆಳಗೆ ಒಂದು. ಎರಡೂ ನಿಮ್ಮದೇ ಅಲ್ವಾ?" ಎಂದರು.

ತಲೆಯಾಡಿಸಿದೆ.

"ಸುಳ್ಳು ಯಾವುದು?"

"ಮೇಲಿನದು ಹಾಜಿಯವರೇ."

ಸ್ಟೋರಿನ ಆ ಜಾಗಕ್ಕೆ ಬೇರೆಯವರು ಬಂದು ವಾರ ಆಯಿತು, ಅವರ ಹೊಟ್ಟೆಗೆ ಹೊಡೆಯಲು ನನ್ನಿಂದಾಗದು ಎಂದರು. ಬಾಗಿಲವರೆಗೆ ಹೋಗಿ ತಿರುಗಿದರು.

"ನೀವು ಮಾಡಿದ್ದು ಮಾಡಿದಿರಿ. ನನ್ನ ಕೈಯಲ್ಲೂ ಪಾಪ ಮಾಡಿಸಿದಿರಲ್ಲ. ಅವನಿಗೆ ನೀವೇ ಹೇಳ್ಬೇಕು. ನಾನು ಹೇಳುದಿಲ್ಲ."

ಹೇಳುತ್ತೇನೆ ಎಂದೆ. ಈ ಶುಕ್ರವಾರ, ಬರುವ ಶುಕ್ರವಾರ ಎಂದು ಮುಂದೂಡುತ್ತ ಹೋದೆ. ಆಗಸ್ಟ್ ತಿಂಗಳಲ್ಲಿ ಸ್ಕ್ಯಾಫೋಲ್ಡಿಂಗ್ ಕೆಲಸ ಖಲಾಸ್ ಆಯಿತೆಂದು ಅವರ ತಂಡದ ಅರ್ಧದಷ್ಟು ಜನರನ್ನು ಊರಿಗೆ ಕಳಿಸಿದರು. ಗೈಡ್ ಏರ್‌ಪೋರ್ಟಿನಿಂದ ಯಾರದೋ ಫೋನಿನಲ್ಲಿ ಮಾತಾಡಿದರು. ಮತ್ತೆ ಟೂರ್ ಕೆಲಸವನ್ನೇ ಹಿಡಿಯುತ್ತೇನೆ, ಕತಾರಿನಲ್ಲಿ ನನ್ನನ್ನು ಮನೆಗೆ ಕರೆದು ಉಣಿಸಿದವರು ನೀವೊಬ್ಬರೇ, ನಿಮ್ಮ ಪುಟವನ್ನು ಎಲ್ಲಕ್ಕಿಂತ ಮುಂದೆ ಇಡುತ್ತೇನೆ ಎಂದರು. ಆ ಪುಟ ಹರಿದುಹಾಕಿ ಎನ್ನಲು ಬಾಯಿ ತೆರೆದೆ. ಬಂದದ್ದು ಎರಡೇ ಮಾತು: "ಹ್ಯಾಪಿ ಜರ್ನಿ."

ಹಾಜಿಯವರು ಆಮೇಲೆ ನನ್ನನ್ನು ಚಹಾಕ್ಕೆ ಕರೆಯಲಿಲ್ಲ. ಎದುರಾದರೆ ಸಲಾಮಿಗೆ ಸಲಾಮು, ಅಷ್ಟೆ. ಊರಿಗೆ ಹೋಗಿ ಕೆಲವು ವರ್ಷಕ್ಕೆ ತೀರಿಕೊಂಡರೆಂದು ಕೇಳಿದೆ. ಒಮ್ಮೆ ಹೆಂಡತಿಯ ಒತ್ತಾಯಕ್ಕೆ ದಾಲಾತಿನ ಆ ಹೋಟೆಲಿಗೆ ಪತ್ರ ಬರೆದೆ. ಹೋಟೆಲೇ ಮುಚ್ಚಿದೆ ಎಂದು ತಿಳಿಯಿತು. ಗೈಡ್ ಈಗ ಇದ್ದರೆ ಎಪ್ಪತ್ತರ ಹತ್ತಿರ ಇರಬೇಕು. ಇದ್ದಾರೋ ಇಲ್ಲವೋ... ಇದ್ದರೆ ಆ ಪುಟ ಇನ್ನೂ ಮುಂದುಗಡೆಯೇ ಇರುತ್ತದೆ. ಅವರು ಹೇಳಿದ್ದನ್ನು ಮಾಡುವ ಮನುಷ್ಯ.

ಈಗ ನಮ್ಮ ಕಡೆಯವರು ಗುಂಪು ಗುಂಪಾಗಿ ವಿಯೆಟ್ನಾಮಿಗೆ ಹೋಗುತ್ತಿದ್ದಾರೆ. ನಿಮ್ಮ ಮುಂದೆ ಯಾರಾದರೂ ಹಸಿರು ಪುಸ್ತಕ ಹಿಡಿದು, ಅದರಲ್ಲಿ ಕನ್ನಡ ಕಂಡರೆ, ಅದು ಸುಳ್ಳೆಂದು ತಿಳಿಯಿರಿ. ಅವರ ಮನೆಗೆ ಹೋಗಿ, ಕೂತು ಉಣ್ಣಿ. ಇದನ್ನೆಲ್ಲ ಬರೆದು ಮುಗಿಸಿ ಹೆಂಡತಿಗೆ ಓದಿ ಹೇಳಿದೆ. ಅವಳು ಪೂರ್ತಿ ಕೇಳಿಸಿಕೊಂಡು, "ಇದನ್ನೂ ಅವರಿಗೆ ಓದ್ಲಿಕ್ಕೆ ಬಾರದ ಭಾಷೆಯಲ್ಲೇ ಬರ್ದಿರಲ್ಲ" ಎಂದಳು.